ಹಲ್ಲು, ಟ್ರಂಪೆಟ್ ಮತ್ತು ಬಿಲ್ ರಸೆಲ್

ನಮಸ್ಕಾರ ಕೇಳುಗರೇ. ಜಾಝ್ ಅಂದ್ರೆ ಲೂಯಿ ಆರ್ಮ್‌ಸ್ಟ್ರಾಂಗ್ ಹೆಸ್ರು ಸುಮಾರು ಜನಕ್ಕೆ ಗೊತ್ತು. ಬಿಲ್ ರಸೆಲ್ ಹೆಸ್ರು ಕೇಳಿದವ್ರು ಕಮ್ಮಿ. ಆದ್ರೆ ನ್ಯೂ ಆರ್ಲಿಯನ್ಸ್ ಊರಿನ ಹಳೇ ಜಾಝ್ ಇವತ್ತಿಗೂ ನಮ್ಮ ಕಿವಿಗೆ ಬೀಳತ್ತೆ ಅಂದ್ರೆ ಅದ್ರಲ್ಲಿ ಈ ಮನುಷ್ಯನ ಪಾಲು ಬಹಳ ದೊಡ್ದು.

ಹುಟ್ಟಿದ್ದು 1905ರಲ್ಲಿ, ಅಮೆರಿಕದ ಮಿಸೌರಿಯಲ್ಲಿ. ಪಿಟೀಲು ಕಲಿತವ್ರು, ತಾಳವಾದ್ಯಗಳಿಗೇ ಅಂತ ಸಂಗೀತ ಬರೆದವ್ರು. ಮನೆತನದ ಹೆಸ್ರು ವಾಗ್ನರ್, ಆದ್ರೆ ಸಂಗೀತದಲ್ಲಿ ಆ ಹೆಸ್ರಿನ ದೊಡ್ಡವ್ರೊಬ್ರು ಆಗ್ಲೇ ಇದ್ರಲ್ಲ, ಹಂಗಾಗಿ ವಿಲಿಯಂ ರಸೆಲ್ ಅಂತ ಮಾಡ್ಕೊಂಡ್ರು. ವಿಲಿಯಂ ಅನ್ನೋದನ್ನೇ ಚಿಕ್ಕದಾಗಿ ಬಿಲ್ ಅಂತಾರೆ.

1930ರ ದಶಕದ ಕೊನೇಲಿ ಇವ್ರೂ ಗೆಳೆಯರೂ ಜಾಝ್ ಇತಿಹಾಸದ ಒಂದು ಪುಸ್ತಕಕ್ಕೆ ಮಾಹಿತಿ ಹುಡುಕ್ತಿದ್ರು. ಆರ್ಮ್‌ಸ್ಟ್ರಾಂಗ್ ಸೇರಿ ಹಳಬರನ್ನ ಕೇಳಿದ್ರೆ ಬಂಕ್ ಜಾನ್ಸನ್ ಅನ್ನೋ ಟ್ರಂಪೆಟ್ ವಾದಕರ ಹೆಸ್ರು ಬರೋದು. ಅವ್ರದ್ದು ಒಂದೇ ಒಂದು ರೆಕಾರ್ಡೂ ಇರ್ಲಿಲ್ಲ. ಹುಡುಕಿದ್ರೆ ಲೂಸಿಯಾನದ ನ್ಯೂ ಐಬೀರಿಯಾದಲ್ಲಿ ಕೂಲಿನಾಲಿ ಮಾಡ್ಕೊಂಡಿದ್ರು. ಬಾಯಲ್ಲಿ ಹಲ್ಲಿಲ್ಲ, ಕೈಯಲ್ಲಿ ಟ್ರಂಪೆಟ್ ಇಲ್ಲ.

ಇಲ್ಲಿ ಒಂದ್ನಿಮಿಷ ನಿಲ್ತೀನಿ. ಟ್ರಂಪೆಟ್ ಊದೋದಂದ್ರೆ ಬರೀ ಗಾಳಿ ಬಿಡೋದಲ್ಲ, ತುಟಿ ಬಿಗಿ ಮಾಡಿ ಮೌತ್‌ಪೀಸಿಗೆ ಒತ್ತಿ ಹಿಡೀಬೇಕು, ಹಂಗೆ ಒತ್ತಿದ ತುಟಿಗೆ ಹಿಂದಿಂದ ಹಲ್ಲಿನ ಆಸರೆ ಬೇಕು, ಅದಿಲ್ದಿದ್ರೆ ಸ್ವರ ನಿಲ್ಲಲ್ಲ. ಅಂದ್ರೆ ಒಂದು ಕಾಲದ ಸಂಗೀತ ಒಬ್ಬ ಮುದುಕರ ವಸಡಿನ ಹತ್ರ ಬಂದು ನಿಂತಿತ್ತು! ರಸೆಲ್ ಮತ್ತೆ ಗೆಳೆಯರು ಕೈಯಿಂದ ಹಣ ಹಾಕಿದ್ರು, ಹಲ್ಲುಸೆಟ್ ಮಾಡಿಸಿಕೊಟ್ರು, ಟ್ರಂಪೆಟ್ಟನ್ನೂ ಕೊಡಿಸಿದ್ರು. ಹಲ್ಲು ಕಟ್ಟಿದ ಡಾಕ್ಟರು ಲಿಯೊನಾರ್ಡ್ ಬೆಶೆ, ದೊಡ್ಡ ವಾದಕ ಸಿಡ್ನಿ ಬೆಶೆ ಅವರ ಅಣ್ಣ. ನಂಗೆ ಈ ಸಂಗತಿ ಬಹಳ ಇಷ್ಟ.

1942ರಲ್ಲಿ ಬಂಕ್ ಮೊದಲ ರೆಕಾರ್ಡಿಂಗ್ ಆಯ್ತು. 1944ರಲ್ಲಿ ರಸೆಲ್ ಅಮೆರಿಕನ್ ಮ್ಯೂಸಿಕ್ ಅಂತ ತಮ್ಮದೇ ಲೇಬಲ್, ಅಂದ್ರೆ ರೆಕಾರ್ಡ್ ಕಂಪನಿ, ಶುರು ಮಾಡಿ, ನ್ಯೂ ಆರ್ಲಿಯನ್ಸಿನ ಸ್ಯಾನ್ ಜಸಿಂಟೊ ಹಾಲ್‌ನಲ್ಲಿ ಮೆಷಿನ್ ಇಟ್ಕೊಂಡು ತಾವೇ ರೆಕಾರ್ಡ್ ಮಾಡಿದ್ರು. ಬಂಕ್ ಟ್ರಂಪೆಟ್, ಬಂದರಲ್ಲಿ ಮೂಟೆ ಹೊರ್ತಿದ್ದ ಜಾರ್ಜ್ ಲೂಯಿಸ್ ಕ್ಲಾರಿನೆಟ್, ಬೇಬಿ ಡಾಡ್ಸ್ ಡ್ರಮ್ಸ್. ಆಗಿನ ಮೆಷಿನ್ನಲ್ಲಿ ಸೂಜಿ ತಟ್ಟೆ ಮೇಲೆ ಗೆರೆ ಕೊರೀತಾ ಹೋಗತ್ತೆ, ನುಡಿಸೋವಾಗ ಎಡವಿದ್ರೆ ಅಳಿಸೋಕ್ಕಾಗಲ್ಲ. ಬಂಕ್ ತಮ್ಮ ವಯಸ್ಸು, ಹಳೇ ಕಥೆ ಎಲ್ಲ ಹೆಚ್ಚಿಗೆ ಹೇಳ್ಕೊಂಡ್ರು ಅಂತ ಆಮೇಲೆ ಕೆಲವ್ರು ತಕರಾರು ತೆಗೆದ್ರು. ಇರ್ಬಹುದು. ಆದ್ರೆ ಆ ತಟ್ಟೆಗಳಲ್ಲಿರೋ ಊದು ಕೇಳಿ ನೋಡಿ, ಅದ್ರಲ್ಲಿ ಬೊಗಳೆ ಇಲ್ಲ. 1949ರಲ್ಲಿ ಬಂಕ್ ತೀರಿಕೊಂಡ್ರು. ಇನ್ನು ಹತ್ತು ವರ್ಷ ತಡ ಆಗಿದ್ರೆ ನಮಗೆ ಹೆಸ್ರು ಬಿಟ್ಟು ಏನೂ ಸಿಕ್ತಿರ್ಲಿಲ್ಲ.

ರಸೆಲ್ 1956ರಲ್ಲಿ ನ್ಯೂ ಆರ್ಲಿಯನ್ಸಿಗೇ ಬಂದು ನೆಲೆಸಿದ್ರು. 1958ರಲ್ಲಿ ಟುಲೇನ್ ಯೂನಿವರ್ಸಿಟಿ ಜಾಝ್ ಆರ್ಕೈವ್, ಅಂದ್ರೆ ಜಾಝ್ ದಾಖಲೆಗಳ ಭಂಡಾರ, ಶುರು ಮಾಡ್ದಾಗ ಅದನ್ನ ನೋಡ್ಕೊಳ್ಳೋ ಮೊದಲ ಕ್ಯುರೇಟರ್ ಇವ್ರೇ. ರಿಚರ್ಡ್ ಆಲನ್ ಜೊತೆ ಸೇರಿ ವಯಸ್ಸಾದ ವಾದಕರನ್ನ ಮಾತಾಡಿಸಿ ಟೇಪ್ ಮಾಡ್ಕೊಂಡ್ರು. ಯಾವ ಬ್ಯಾಂಡಲ್ಲಿ ಯಾರ್ಯಾರಿದ್ರು, ಯಾರ ಹತ್ರ ಕಲಿತ್ರಿ, ಹೀಗೆ ಎಲ್ಲಾನೂ ಕೇಳಿ ಇಟ್ಕೊಂಡ್ರು.

ಫ್ರೆಂಚ್ ಕ್ವಾರ್ಟರಿನ ಅವ್ರ ಮನೆ ತುಂಬಾ ರೆಕಾರ್ಡು, ಕಾಗದ, ಫೋಟೋ. 1992ರಲ್ಲಿ ಅವ್ರು ಹೋದ್ಮೇಲೆ ಆ ರಾಶಿಯೆಲ್ಲಾ ಅದೇ ಊರಿನ ಹಿಸ್ಟಾರಿಕ್ ನ್ಯೂ ಆರ್ಲಿಯನ್ಸ್ ಕಲೆಕ್ಷನ್ ಅನ್ನೋ ಸಂಗ್ರಹಾಲಯ ಸೇರ್ತು.