ವೆಸ್ಟ್ ವರ್ಜೀನಿಯಾ: ಸಿಗ್ನಲ್ ಇಲ್ಲದ ಬೆಟ್ಟಗಳು, ಮಡಚಲು ಬಾರದ ಮ್ಯಾಪು

ಇದು ಸೆನೆಕಾ ರಾಕ್ಸ್. ಕಾಡಿನ ಮಧ್ಯೆ ಬಂಡೆಯ ಗೋಡೆ ಹೇಗೆ ಎದ್ದು ನಿಂತಿದೆ ನೋಡಿ. ಎರಡನೇ ಮಹಾಯುದ್ಧದ ಹೊತ್ತಿನಲ್ಲಿ, 1943 ಮತ್ತು 44ರಲ್ಲಿ, ಅಮೆರಿಕದ ಸೈನಿಕರಿಗೆ ಬಂಡೆ ಹತ್ತುವುದನ್ನು ಇಲ್ಲೇ ಕಲಿಸಿದ್ದರು. ನಾವು ಹತ್ತುವುದಿಲ್ಲ. ಕೆಳಗೆ ನಿಂತು ಚಿಪ್ಸ್ ತಿನ್ನುತ್ತೇವೆ, ನೀವೇ ನೋಡುತ್ತಿದ್ದೀರಲ್ಲ.

ಅಪಲಾಚಿಯನ್ ಬೆಟ್ಟಸಾಲು ಎಷ್ಟೋ ರಾಜ್ಯಗಳನ್ನು ಹಾದು ಹೋಗುತ್ತದೆ. ಆದರೆ ಇಡೀ ರಾಜ್ಯವೇ ಅದರೊಳಗೆ ಸೇರಿರುವುದು ವೆಸ್ಟ್ ವರ್ಜೀನಿಯಾ ಒಂದೇ. ಇಲ್ಲಿನ ಅತಿ ಎತ್ತರದ ಸ್ಪ್ರೂಸ್ ನಾಬ್ ಇಲ್ಲೇ ಹತ್ತಿರ, 1,482 ಮೀಟರ್. ಅಷ್ಟೇನಾ ಅಂತ ಚಿಕ್ಕಮಗಳೂರಿನವರು ನಗಬಹುದು. ನಗಿ. ಆದರೆ ಈ ರಾಜ್ಯದಲ್ಲಿ ಒಂದು ಕ್ರಿಕೆಟ್ ಮೈದಾನದಷ್ಟು ಸಮತಟ್ಟು ಜಾಗ ಹುಡುಕಿ ನೋಡೋಣ. ಒಂದು ತಿರುವು ಮುಗಿಯುವಷ್ಟರಲ್ಲಿ ಇನ್ನೊಂದು. ಹಿಂದಿನ ಸೀಟಿನಲ್ಲಿ ಕೂತವರಿಗೆ ಹೊಟ್ಟೆ ತೊಳಸದಿದ್ದರೆ ಪುಣ್ಯ.

ಇಲ್ಲಿಂದ ಮುಂದೆ ಫೋನ್ ಸತ್ತಂತೆಯೇ. ಮ್ಯಾಪ್ ಓಡುವುದಿಲ್ಲ. ಸರಿ, ಕಾಗದದ ಮ್ಯಾಪ್ ಕೊಳ್ಳೋಣ ಅಂತ ಒಂದು ಗ್ಯಾಸ್ ಸ್ಟೇಷನ್‌ಗೆ ಹೋದೆವು. ಒಂಬತ್ತು ಡಾಲರ್! ಒಂದು ಕಾಗದಕ್ಕೆ! ಇದ್ದಿದ್ದೇ ಒಂದು, ಅದರ ಮೂಲೆಯಲ್ಲಿ ಕಾಫಿ ಕಲೆ ಬೇರೆ. ಕಡಿಮೆ ಮಾಡ್ತೀರಾ ಅಂತ ಕೇಳಿದೆ. ಕೌಂಟರಿನಲ್ಲಿದ್ದಾತ ನನ್ನ ಮುಖ ನೋಡಿದ, ಕಿಟಕಿಯಾಚೆ ಬೆಟ್ಟ ನೋಡಿದ, ಸುಮ್ಮನಾದ. ಅರ್ಥ ಆಯಿತು, ದುಡ್ಡು ಕೊಟ್ಟೆ. ಆಮೇಲೆ ಶುರುವಾಯಿತು ನೋಡಿ ಪೀಕಲಾಟ. ಬಿಡಿಸಿದರೆ ಡ್ಯಾಶ್‌ಬೋರ್ಡ್ ಪೂರ್ತಿ ಮುಚ್ಚಿಕೊಂಡಿತು, ನಮ್ಮನೆಯವರಿಗೆ ಸ್ಟೇರಿಂಗೇ ಕಾಣುತ್ತಿಲ್ಲ. ಮಡಚಲು ಹೋದರೆ ಮೊದಲಿದ್ದ ಮಡಿಕೆಗೆ ಬರುವುದೇ ಇಲ್ಲ. "ಇಲ್ಲಿ ಕೊಡು" ಅಂತ ಇಸಕೊಂಡರು. ಅವರ ಕೈಯಲ್ಲಿ ಅದು ಇನ್ನೂ ದಪ್ಪ ಆಯಿತು. ಕೊನೆಗೆ ಉಂಡೆ ಮಾಡಿ ಹಿಂದಿನ ಸೀಟಿಗೆ ಎಸೆದರು. ಅರ್ಧ ಗಂಟೆ ಮಾತಿಲ್ಲ. ಆ ಭಾಗ ಎಡಿಟ್‌ನಲ್ಲಿ ತೆಗೆದಿದ್ದೇನೆ.

ಈಗ ಕಾಣುತ್ತಿರುವ ಬಿಳಿ ತಟ್ಟೆ ಗ್ರೀನ್ ಬ್ಯಾಂಕ್ ಟೆಲಿಸ್ಕೋಪ್. ಅಡ್ಡಳತೆ 100 ಮೀಟರ್, ಎತ್ತರ 148 ಮೀಟರ್. ಫೋನ್ ಸಾಯಲು ಇದೇ ಕಾರಣ. ಆಕಾಶದಿಂದ ಬರುವ ರೇಡಿಯೋ ಅಲೆ ತುಂಬಾ ಕ್ಷೀಣ, ನಮ್ಮ ಫೋನಿನ ಗಲಾಟೆಯಲ್ಲಿ ಅದು ಕೇಳುವುದೇ ಇಲ್ಲ. ಅದಕ್ಕೇ 1958ರಲ್ಲಿ ಸರ್ಕಾರ ಸುಮಾರು 34,000 ಚದರ ಕಿಲೋಮೀಟರ್ ಜಾಗವನ್ನು ರೇಡಿಯೋ ಮೌನವಲಯ ಅಂತ ಘೋಷಿಸಿತು. ಸುತ್ತ ಬೆಟ್ಟ ಇರುವುದರಿಂದ ಹೊರಗಿನ ಅಲೆಗಳಿಗೂ ತಡೆ. ಇದೇ ಜಾಗ ಆರಿಸಿದ್ದೂ ಅದಕ್ಕೇ. ಹತ್ತಿರ ಹೋಗುವ ಗಾಡಿ ಡೀಸೆಲ್‌ದೇ ಆಗಬೇಕು, ಪೆಟ್ರೋಲ್ ಎಂಜಿನ್ನಿನ ಸ್ಪಾರ್ಕ್ ಪ್ಲಗ್ ಕಿಡಿಯಿಂದಲೂ ರೇಡಿಯೋ ಅಲೆ ಹುಟ್ಟುತ್ತದಂತೆ. ಡಿಜಿಟಲ್ ಕ್ಯಾಮೆರಾವನ್ನೂ ಅಷ್ಟು ಹತ್ತಿರ ಒಯ್ಯುವಂತಿಲ್ಲ, ಹಾಗಾಗಿ ನಿಮಗೆ ಈ ದೂರದ ಶಾಟೇ ಗತಿ. ಇಲ್ಲಿ ಮೊದಲು 91 ಮೀಟರಿನ ಇನ್ನೊಂದು ಟೆಲಿಸ್ಕೋಪ್ ಇತ್ತು. 1988ರ ನವೆಂಬರ್‌ನಲ್ಲಿ ಒಂದು ರಾತ್ರಿ ಇದ್ದಕ್ಕಿದ್ದಂತೆ ಕುಸಿದು ಬಿತ್ತು. ಅದರ ಬದಲಿಗೆ ಬಂದಿದ್ದೇ ಇದು. ಖಗೋಳ ವಿಜ್ಞಾನಿ ಫ್ರಾಂಕ್ ಡ್ರೇಕ್ 1960ರಲ್ಲಿ ಬೇರೆ ಲೋಕದ ಜೀವಿಗಳು ಮಾತಾಡುತ್ತಾರಾ ಅಂತ ಎರಡು ನಕ್ಷತ್ರಗಳ ಕಡೆ ಕಿವಿಗೊಟ್ಟಿದ್ದೂ ಇದೇ ಗ್ರೀನ್ ಬ್ಯಾಂಕ್ ಊರಿನಲ್ಲಿ. ರೇಡಿಯೋ ಟೆಲಿಸ್ಕೋಪ್ ನಮ್ಮ ಗೌರಿಬಿದನೂರಿನ ಹತ್ತಿರವೂ ಇದೆ, ಗೊತ್ತಿತ್ತಾ? ಬೆಂಗಳೂರಿನಲ್ಲಿರುವಾಗ ಒಂದು ಸಲವೂ ಹೋಗಲಿಲ್ಲ. ಇಲ್ಲಿಗೆ ಮಾತ್ರ ಬಂದೆ.

ಫೋನ್ ಇಲ್ಲದೆ ಎಷ್ಟು ಹಾಯಾಗಿದೆ ಅನ್ನಿಸಿತು, ನಿಜ. ಮಧ್ಯಾಹ್ನ ಊಟಕ್ಕೆ ಹೋಟೆಲ್ ಹುಡುಕುವವರೆಗೆ.

ಹೋಟೆಲಿನ ಮೇಜಿನ ಮೇಲೆ ಅದೇ ಮ್ಯಾಪ್ ಮತ್ತೆ ಬಿಡಿಸಿದೆ. ಈ ರಾಜ್ಯದ ಆಕಾರ ನೋಡಿ. ಉತ್ತರಕ್ಕೊಂದು ಕೈ, ಪೂರ್ವಕ್ಕೊಂದು ಕೈ. ಉತ್ತರದ ಕೈ ಒಹಾಯೋ ನದಿಗೂ ಪೆನ್ಸಿಲ್ವೇನಿಯಾಕ್ಕೂ ಮಧ್ಯೆ ನುಗ್ಗಿ ಪಿಟ್ಸ್‌ಬರ್ಗ್‌ಗಿಂತ ಮೇಲಕ್ಕೆ ಹೋಗಿದೆ. ಯಾಕೆ ಹೀಗೆ? ಇದು ಅಣ್ಣತಮ್ಮಂದಿರ ಪಾಲಿನ ಜಗಳ, ನಮ್ಮೂರಲ್ಲಿ ಆಸ್ತಿಗೆ ಆಗುತ್ತದಲ್ಲ, ಹಾಗೇ.

ಮೊದಲು ಎರಡೂ ಸೇರಿ ಒಂದೇ ವರ್ಜೀನಿಯಾ. ಬಯಲಿನ ದೊಡ್ಡ ಜಮೀನ್ದಾರರ ತೋಟಗಳಲ್ಲಿ ಗುಲಾಮರು ದುಡಿಯುತ್ತಿದ್ದರು. ಬೆಟ್ಟದ ಕಡೆ ಅಂಥ ತೋಟಗಳು ಕಡಿಮೆ. ತೆರಿಗೆ ನಮ್ಮದು, ಅಧಿಕಾರ ಅವರದು ಅಂತ ಬೆಟ್ಟದವರಿಗೆ ಬಹಳ ಕಾಲದಿಂದ ಸಿಟ್ಟಿತ್ತು. ಗುಲಾಮಗಿರಿಯ ಜಗಳದಲ್ಲಿ ದಕ್ಷಿಣದ ರಾಜ್ಯಗಳು ಅಮೆರಿಕದ ಒಕ್ಕೂಟ ಬಿಡುತ್ತಿದ್ದವು, 1861ರ ಏಪ್ರಿಲ್‌ನಲ್ಲಿ ವರ್ಜೀನಿಯಾ ಕೂಡ ಹೊರಡಲು ತೀರ್ಮಾನಿಸಿತು. ಬೆಟ್ಟದವರಲ್ಲಿ ಬಹಳ ಜನ ಬರಲ್ಲ ಅಂದರು. ಆದರೆ ಸಂವಿಧಾನದ ಪ್ರಕಾರ ಒಂದು ರಾಜ್ಯ ಒಡೆಯಲು ಆ ರಾಜ್ಯದ ಒಪ್ಪಿಗೆಯೇ ಬೇಕು. ವೀಲಿಂಗ್ ಊರಿನಲ್ಲಿ ಸೇರಿದವರು ಏನು ಮಾಡಿದರು ಗೊತ್ತಾ? ನಾವೇ ಅಸಲಿ ವರ್ಜೀನಿಯಾ ಸರ್ಕಾರ ಅಂದರು. ಫ್ರಾನ್ಸಿಸ್ ಪಿಯರ್‌ಪಾಂಟ್ ಎಂಬುವರನ್ನು ಗವರ್ನರ್ ಮಾಡಿದರು. ಆ ಸರ್ಕಾರವೇ ರಾಜ್ಯ ಒಡೆಯಲು ಒಪ್ಪಿಗೆ ಕೊಟ್ಟಿತು! ಲಿಂಕನ್ ಸಹಿ ಹಾಕಿದರು. 1863ರ ಜೂನ್ 20ಕ್ಕೆ ಇದು 35ನೇ ರಾಜ್ಯ ಆಯಿತು. ಭಾರಿ ಕಿಲಾಡಿಗಳು. ನನಗೆ ಇಷ್ಟ ಆದರು. ಆದರೆ ಪೂರ್ತಿ ಇಷ್ಟ ಆದರು ಅನ್ನುವಂತೆಯೂ ಇಲ್ಲ. ಹೊಸ ರಾಜ್ಯದಲ್ಲೂ ಗುಲಾಮರಿದ್ದರು, ಎಲ್ಲರಿಗೂ ಬಿಡುಗಡೆ ಆಗಿದ್ದು 1865ರಲ್ಲೇ. ದಕ್ಷಿಣದ ಕೆಲವು ಕೌಂಟಿಗಳಿಗೆ, ಅಂದರೆ ಜಿಲ್ಲೆಗಳಿಗೆ, ಈ ಕಡೆ ಬರುವ ಮನಸ್ಸೂ ಇರಲಿಲ್ಲ.

ಪಾಲು ಅಂದ ಮೇಲೆ ಸಾಲವೂ ಹಂಚಬೇಕಲ್ವಾ? ಹಳೇ ಸಾಲದಲ್ಲಿ ನಿಮ್ಮ ಪಾಲು ಕೊಡಿ ಅಂತ ವರ್ಜೀನಿಯಾ ಸುಪ್ರೀಂ ಕೋರ್ಟಿಗೆ ಹೋಯಿತು. 1915ರಲ್ಲಿ ತೀರ್ಪು ಬಂತು, ಸುಮಾರು 1.24 ಕೋಟಿ ಡಾಲರ್ ಕೊಡಿ ಅಂತ. ಕೊಟ್ಟು ಮುಗಿದಿದ್ದು 1939ರಲ್ಲಿ. ನನ್ನ ಒಂಬತ್ತು ಡಾಲರ್ ಮಾತ್ರ ಕೌಂಟರಿನಲ್ಲೇ ನಗದಾಗಿ ಹೋಯಿತು.

ಊಟದ ಬಗ್ಗೆ ಏನೂ ಹೇಳುವುದಿಲ್ಲ. ಸಸ್ಯಾಹಾರ ಅಂದಿದ್ದಕ್ಕೆ ಆಲೂಗಡ್ಡೆ ಬಂತು.

ಆಹಾ, ಇದು ನ್ಯೂ ರಿವರ್ ಗಾರ್ಜ್ ಸೇತುವೆ. 1977ರಲ್ಲಿ ಆಗಿದ್ದು. ನೀರಿನಿಂದ 267 ಮೀಟರ್ ಮೇಲೆ. ಕಮಾನಿನ ಉದ್ದವೇ 518 ಮೀಟರ್. ಮೊದಲು ಕಣಿವೆಗೆ ಇಳಿದು ಹತ್ತಿ ಆಚೆ ದಡ ಮುಟ್ಟಲು ಮುಕ್ಕಾಲು ಗಂಟೆಯ ಹತ್ತಿರ ಹಿಡಿಯುತ್ತಿತ್ತು, ಈಗ ಒಂದು ನಿಮಿಷ ಸಾಕು. ತುಕ್ಕು ಬಣ್ಣ ಕಾಣುತ್ತಿದೆಯಲ್ಲ, ಅದು ಬೇಕಂತಲೇ. ಮೇಲ್ಪದರ ತುಕ್ಕಾಗಿ ಒಳಗಿನ ಉಕ್ಕನ್ನು ಕಾಪಾಡುತ್ತದೆ, ಪೇಂಟ್ ಹೊಡೆಯುವ ಖರ್ಚಿಲ್ಲ. ಕೆಳಗಿನ ನದಿಯ ಹೆಸರು ನ್ಯೂ ಅಂತ ಇದ್ದರೂ ಬಹಳ ಹಳೆಯ ನದಿ.

ಈ ಕಣಿವೆಯ ತುಂಬಾ ಕಲ್ಲಿದ್ದಲು ಗಣಿಗಳಿದ್ದವು. ಕೂಲಿಯನ್ನು ಕಂಪನಿಯ ಟೋಕನ್‌ನಲ್ಲಿ ಕೊಡುವುದು, ಅದು ಕಂಪನಿಯ ಅಂಗಡಿಯಲ್ಲೇ ನಡೆಯುವುದು, ಅಲ್ಲಿ ಬೆಲೆ ಜಾಸ್ತಿ. 1907ರಲ್ಲಿ ಉತ್ತರದ ಮನಂಗಾ ಗಣಿ ಸ್ಫೋಟದಲ್ಲಿ 360ಕ್ಕೂ ಹೆಚ್ಚು ಜನ ಸತ್ತರು. ಇಲ್ಲೇ ಸ್ವಲ್ಪ ಕೆಳಗೆ ಹಾಕ್ಸ್ ನೆಸ್ಟ್ ಸುರಂಗ ಇದೆ. 1930ರ ದಶಕದ ಆರಂಭದಲ್ಲಿ ಅದನ್ನು ಕೊರೆದ ಕೂಲಿಗಳು, ಅವರಲ್ಲಿ ಹೆಚ್ಚಿನವರು ಕರಿಯರು, ಕಲ್ಲಿನ ದೂಳು ಕುಡಿದು ನೂರಾರು ಸಂಖ್ಯೆಯಲ್ಲಿ ಸತ್ತರು. ಮಾಸ್ಕ್ ಕೂಡ ಕೊಟ್ಟಿರಲಿಲ್ಲ. ಆಮೇಲೆ ಗಣಿಗೆ ಯಂತ್ರ ಬಂತು, ಕೆಲಸ ಹೋಯಿತು, ಜನ ಹೊರಟರು. 1950ರಲ್ಲಿ 20 ಲಕ್ಷ ಇದ್ದ ಜನಸಂಖ್ಯೆ 2020ರಲ್ಲಿ 18 ಲಕ್ಷಕ್ಕಿಂತ ಕಡಿಮೆ. ಇಷ್ಟು ಚೆಂದದ ಜಾಗದಲ್ಲಿ ಇಷ್ಟು ಖಾಲಿ ಮನೆಗಳು ಯಾಕೆ ಅಂತ ದಾರಿಯುದ್ದಕ್ಕೂ ಕೇಳುತ್ತಿದ್ದಿರಲ್ಲ ಕಾಮೆಂಟ್‌ನಲ್ಲಿ, ಇದಕ್ಕೇ.

ಶಾಟ್ ಮುಗಿಯುತ್ತಾ ಬಂತು, ಬೇಗ ಹೇಳಿಬಿಡುತ್ತೇನೆ. ಅಕ್ಟೋಬರ್ ಮೂರನೇ ಶನಿವಾರ ಈ ಸೇತುವೆಗೆ ವಾಹನ ಬಿಡುವುದಿಲ್ಲ, ಜನ ಪ್ಯಾರಾಚೂಟ್ ಕಟ್ಟಿಕೊಂಡು ಹಾರುತ್ತಾರೆ. ಮುಂದಿನ ವಿಡಿಯೋ ಬ್ಲೇರ್ ಮೌಂಟನ್, 1921ರಲ್ಲಿ ಸುಮಾರು ಹತ್ತು ಸಾವಿರ ಗಣಿ ಕೆಲಸಗಾರರು ಬಂದೂಕು ಹಿಡಿದು ಕಾದಾಡಿದ ಜಾಗ. ದಾರಿ ಹುಡುಕುವ ಕೆಲಸ ನಮ್ಮನೆಯವರದು.