ಹಿಂಬರಹದಲ್ಲಿ ಸಿಕ್ಕ ಉಮಾದೇವಿ

ಕಳೆದ ವಾರ ದಾವಣಗೆರೆಯಲ್ಲಿ ಮಂಡಕ್ಕಿ, ಮೆಣಸಿನಕಾಯಿ ತಿನ್ನುತ್ತಾ ಕೂತಿದ್ದೆವು. ಪರಿಚಯದ ಅಕ್ಕ ಒಬ್ಬರು ಬ್ಯಾಗಿನಿಂದ ಒಂದು ಪ್ಲಾಸ್ಟಿಕ್ ಕವರ್ ತೆಗೆದರು. ಸೀರೆ ಅಂಗಡಿಯ ಕವರು. ಒಳಗೆ 2011ರಿಂದ ಈಚಿನ ಕಾಗದಗಳೆಲ್ಲಾ ಇದ್ದವು. ಅಕ್ಕ ಒಂದು ಸರ್ಕಾರಿ ಕಚೇರಿಯಲ್ಲಿ ಕಂಪ್ಯೂಟರ್ ಆಪರೇಟರ್. 11 ತಿಂಗಳ ಆದೇಶ, ಎರಡು ದಿನ ಬ್ರೇಕ್, ಮತ್ತೆ ಹೊಸ ಆದೇಶ. "ಆ ಎರಡು ದಿನಾನೂ ಹೋಗಿ ಕೆಲಸ ಮಾಡಿದ್ದೀನಿ ಕಣಪ್ಪಾ, ಸಹಿ ಮಾತ್ರ ಹಾಕಿಸಿಕೊಂಡಿಲ್ಲ" ಅಂದರು. ಮೊದಲು ಕಚೇರಿಯೇ ಆದೇಶ ಕೊಡುತ್ತಿತ್ತು. ಆಮೇಲೆ ಹೊರಗುತ್ತಿಗೆ ಬಂತು, ಮೂರು ಏಜೆನ್ಸಿ ಬದಲಾದವು. ಕುರ್ಚಿ ಅದೇ. ಕೀಬೋರ್ಡಿನಲ್ಲಿ ಅಳಿಸಿಹೋದ ಅಕ್ಷರಗಳೂ ಅವೇ.

ಖಾಯಂ ಮಾಡಿ ಅಂತ ಅರ್ಜಿ ಕೊಟ್ಟಿದ್ದರು. ನಾಲ್ಕು ಸಾಲಿನ ಹಿಂಬರಹ, ಅಂದರೆ ಕಚೇರಿಯ ಲಿಖಿತ ಉತ್ತರ ಬಂತು. ಅದನ್ನು ಟೈಪ್ ಮಾಡಿದ್ದೂ ಅಕ್ಕನೇ! ಬೇರೆ ಯಾರಿದ್ದಾರೆ ಅಲ್ಲಿ? "ಉಮಾದೇವಿ ಪ್ರಕರಣದ ತೀರ್ಪಿನಂತೆ ಅವಕಾಶವಿಲ್ಲ ಅಂತ ಟೈಪ್ ಮಾಡಿದೆ. ಯಾರಪ್ಪಾ ಈ ಉಮಾದೇವಿ?"

ಉಮಾದೇವಿ ನಮ್ಮ ರಾಜ್ಯದವರೇ. ವಾಣಿಜ್ಯ ತೆರಿಗೆ ಇಲಾಖೆಯಲ್ಲಿ 1985-86ರಲ್ಲಿ ದಿನಗೂಲಿಗೆ ಸೇರಿದವರ ಪ್ರಕರಣ ಅದು. ಸರ್ಕಾರಿ ನೌಕರರ ತಕರಾರು ನೋಡುವ ಕೆಎಟಿಯಲ್ಲಿ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಸೋತರು, ಹೈಕೋರ್ಟಿನಲ್ಲಿ ಗೆದ್ದರು. ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಯಿತು. 2006ರ ಏಪ್ರಿಲ್ 10ರಂದು ಐವರು ನ್ಯಾಯಮೂರ್ತಿಗಳ ಪೀಠ ತೀರ್ಪು ಕೊಟ್ಟಿತು. ನೇಮಕಾತಿ ನಿಯಮ ಬಿಟ್ಟು ಒಳಗೆ ಬಂದವರನ್ನು, ಇಷ್ಟು ವರ್ಷ ದುಡಿದರು ಅನ್ನೋ ಒಂದೇ ಕಾರಣಕ್ಕೆ ಖಾಯಂ ಮಾಡಕೂಡದು ಅಂತ.

ಈ ಮಾತಿಗೆ ನನ್ನ ತಕರಾರಿಲ್ಲ. ನಮ್ಮೂರ ಲೈಬ್ರರಿಗಳಲ್ಲಿ ಬೆಳಿಗ್ಗೆಯಿಂದ ರಾತ್ರಿವರೆಗೆ ಓದುವ ಹುಡುಗರು ಕೇಳ್ತಾರೆ: ಹಿಂದಿನ ಬಾಗಿಲಲ್ಲಿ ಬಂದವರಿಗೆ ಕೆಲಸ ಕೊಟ್ಟುಬಿಟ್ಟರೆ ನಮ್ಮ ಗತಿ ಏನು? ನ್ಯಾಯವಾದ ಪ್ರಶ್ನೆ. ಆದರೆ ಮುಂದಿನ ಬಾಗಿಲಿನ ಕಥೆಯನ್ನೂ ನೋಡಿ. 545 ಪಿಎಸ್‌ಐ ಹುದ್ದೆಗೆ 2021ರ ಅಕ್ಟೋಬರಿನಲ್ಲಿ ಪರೀಕ್ಷೆ ಆಯಿತು. ಒಎಂಆರ್ ಅನ್ನುವ ಉತ್ತರದ ಹಾಳೆ ತಿದ್ದಿದ ಹಗರಣ ಹೊರಬಂತು, ಪರೀಕ್ಷೆ ರದ್ದಾಯಿತು, ಕೋರ್ಟು ಕಚೇರಿ ಎಲ್ಲಾ ಆಗಿ ಮರುಪರೀಕ್ಷೆ ನಡೆದಾಗ 2024ರ ಜನವರಿ. ಪ್ರಾಮಾಣಿಕವಾಗಿ ಬರೆದವನೂ ಎರಡು ವರ್ಷ ಸುಮ್ನೆ ಕಾದ. ಹತ್ತಿ ಮಿಲ್ಲುಗಳು ಮುಚ್ಚಿದ ಊರು ನಮ್ಮದು. ಒಂದು ಕಾಲಕ್ಕೆ ಕರ್ನಾಟಕದ ಮ್ಯಾಂಚೆಸ್ಟರ್ ಅನ್ನುತ್ತಿದ್ದರು. ಇಲ್ಲಿ ಸರ್ಕಾರಿ ಕೆಲಸದ ಆಸೆ ಜಾಸ್ತಿ ಅಂತ ಯಾರಾದರೂ ಆಡಿಕೊಂಡರೆ ನನಗೆ ಸಿಟ್ಟು ಬರುತ್ತದೆ.

ಇರಲಿ, ಉಮಾದೇವಿಗೆ ಬರೋಣ. ಆ ತೀರ್ಪಿನ 53ನೇ ಪ್ಯಾರಾ ಅಂತ ಒಂದಿದೆ. ಮಂಜೂರಾದ ಹುದ್ದೆಯಲ್ಲಿ, ಕೋರ್ಟಿನ ಆದೇಶದ ಆಸರೆ ಇಲ್ಲದೆ ಹತ್ತು ವರ್ಷ ದುಡಿದ ಅರ್ಹರನ್ನು ಒಂದು ಸಲದ ಮಟ್ಟಿಗೆ ಸಕ್ರಮ ಮಾಡಿ, ಅಂದರೆ ಖಾಯಂ ಮಾಡಿ ಅಂತ ಅಲ್ಲಿದೆ. ಅಷ್ಟೇ ಅಲ್ಲ. ಎಲ್ಲೆಲ್ಲಿ ದಿನಗೂಲಿಯವರನ್ನು ಇಟ್ಟುಕೊಂಡು ಖಾಲಿ ಹುದ್ದೆ ತಳ್ಳುತ್ತಿದ್ದೀರೋ, ಅಲ್ಲೆಲ್ಲಾ ಸರಿಯಾದ ನೇಮಕಾತಿ ಮಾಡಿ, ಆರು ತಿಂಗಳೊಳಗೆ ಶುರು ಮಾಡಿ ಅಂತಲೂ ಇದೆ. ಆರು ತಿಂಗಳು ಅಂದರೆ 2006ರ ಅಕ್ಟೋಬರ್. ಅಕ್ಕನನ್ನು ಕೆಲಸಕ್ಕೆ ಕರೆದಿದ್ದು 2011ರಲ್ಲಿ!

ಅಂದರೆ ಅವರನ್ನು ಹಾಗೆ ತಗೊಳ್ಳುವಾಗ ಯಾರಿಗೂ ಉಮಾದೇವಿ ನೆನಪಾಗಲಿಲ್ಲ. 11 ತಿಂಗಳಿಗೊಮ್ಮೆ ಆದೇಶಕ್ಕೆ ಸಹಿ ಹಾಕುವಾಗಲೂ ಆಗಲಿಲ್ಲ. ಅಕ್ಕ ಅರ್ಜಿ ಕೊಟ್ಟ ದಿನ ನೆನಪಾದರು. ತಪ್ಪು ಮಾಡಿದ ಕಚೇರಿಯೇ ಆ ತಪ್ಪನ್ನು ತೋರಿಸಿ ಇವರಿಗೆ ಇಲ್ಲ ಅನ್ನುತ್ತದೆ. ಇದಕ್ಕೆ ನಾನು ಕಾನೂನು ಅನ್ನಲ್ಲ, ಜಾಣತನ ಅಂತೀನಿ.

ಇದನ್ನು ಸುಪ್ರೀಂ ಕೋರ್ಟೇ ಗಮನಿಸಿದೆ. 2024ರ ಡಿಸೆಂಬರಿನ ಜಗ್ಗೋ ಪ್ರಕರಣ ಓದಿ. ಕೇಂದ್ರ ಜಲ ಆಯೋಗದಲ್ಲಿ ಎರಡು ದಶಕದ ಆಸುಪಾಸು ಕಸ ಗುಡಿಸುವಂಥ ಕೆಲಸ ಮಾಡಿದವರನ್ನು 2018ರಲ್ಲಿ ತೆಗೆದುಹಾಕಿದ್ದರು. ಅವರನ್ನು ವಾಪಸ್ ತಗೊಂಡು ಸಕ್ರಮ ಮಾಡಿ ಅಂದಿತು ಕೋರ್ಟು. ಉಮಾದೇವಿ ತೀರ್ಪನ್ನು ತಪ್ಪಾಗಿ ಬಳಸುತ್ತಿದ್ದಾರೆ ಅಂತಲೂ ಹೇಳಿತು.

ಅಕ್ಕನಿಗೆ ಇದನ್ನು ಹೇಳಿದಾಗ ಮುಖ ಅರಳಿತು. ಆದರೆ ಸುಳ್ಳು ಆಸೆ ಹುಟ್ಟಿಸಬಾರದು ಅಲ್ವಾ? ಅವರ ಮತ್ತು ಕಚೇರಿಯ ನಡುವೆ ಈಗ ಏಜೆನ್ಸಿ ನಿಂತಿದೆ, ಕಾಗದದ ಮೇಲೆ ಅವರು ಕಚೇರಿಯವರೇ ಅಲ್ಲ. ವಕೀಲರು ಕೇಳುವ ಮೊದಲ ಪ್ರಶ್ನೆಯೇ, ಅದು ಮಂಜೂರಾದ ಹುದ್ದೆನಾ? ಹೈಕೋರ್ಟಿಗೆ ರಿಟ್ ಅರ್ಜಿ ಹಾಕಬೇಕು ಅಂದರೆ ಬೆಂಗಳೂರಿಗೇ ಹೋಗಬೇಕು. ಪಕ್ಕದ ಹಾವೇರಿಯವರಿಗೆ ಧಾರವಾಡ ಪೀಠ ಇದೆ, ನಮಗಿಲ್ಲ. ಹೋದ ದಿನದ ಕೂಲಿ ಏಜೆನ್ಸಿ ಕಟ್ ಮಾಡುತ್ತದೆ.

ಸದ್ಯಕ್ಕೆ ಒಂದು ಆರ್‌ಟಿಐ (ಮಾಹಿತಿ ಹಕ್ಕು) ಅರ್ಜಿ ಬರೆದೆವು. ಆ ಕಚೇರಿಗೆ ಮಂಜೂರಾದ ಹುದ್ದೆ ಎಷ್ಟು, ಖಾಲಿ ಎಷ್ಟು, ಯಾವಾಗಿನಿಂದ. ಉತ್ತರ ಬರೋಕೆ 30 ದಿನ. ಅದನ್ನು ಟೈಪ್ ಮಾಡೋದೂ ನಾನೇ ಇರಬೇಕು ಅಂತ ಅಕ್ಕ ಕವರ್ ಮಡಚಿ ಬ್ಯಾಗಿಗೆ ಹಾಕಿಕೊಂಡರು.