ಮೀರ್: ಕೋಟೆ ಉಳಿಯಿತು, ಊರು ಚದುರಿತು

ಕೇಳುಗರಿಗೆ ನಮಸ್ಕಾರ.

ಬೆಲಾರುಸ್ ದೇಶದ ರಾಜಧಾನಿ ಮಿನ್ಸ್ಕ್. ಅಲ್ಲಿಂದ ನೈಋತ್ಯಕ್ಕೆ ಸುಮಾರು 90 ಕಿಲೋಮೀಟರ್ ಹೋದರೆ ಮೀರ್ ಅನ್ನೋ ಊರು ಸಿಗುತ್ತದೆ. ಎರಡು ಸಾವಿರದ ಚಿಲ್ಲರೆ ಜನ. ಸುತ್ತ ಸಮತಟ್ಟಾದ ಹೊಲ, ಆಲೂಗಡ್ಡೆ, ರೈ ಬೆಳೆ, ಅದರಾಚೆ ಕಾಡು. ಊರ ಪಕ್ಕ ಮಿರಾಂಕಾ ಅನ್ನೋ ಸಣ್ಣ ನದಿ. ಅದರ ನೀರು ಕೊನೆಗೆ ನೇಮನ್ ನದಿ ಸೇರಿ ಬಾಲ್ಟಿಕ್ ಸಮುದ್ರಕ್ಕೆ ಹೋಗುತ್ತದೆ. ಬೆಟ್ಟ ಇಲ್ಲ, ಬಂಡೆ ಇಲ್ಲ. ಇಂಥ ಜಾಗದಲ್ಲಿ ಕೋಟೆ ಕಟ್ಟೋದು ಸುಲಭ ಅಲ್ಲ. ಕಾಯೋಕೆ ಎತ್ತರದ ಜಾಗವೇ ಇಲ್ಲವಲ್ಲ! ಹಾಗಾಗಿ ಎಲ್ಲ ಭಾರವೂ ಗೋಡೆ, ಕಂದಕ ಮತ್ತು ನೀರಿನ ಮೇಲೆ.

ಆದರೂ ಕಟ್ಟಿದರು. 1520ರ ದಶಕದಲ್ಲಿ ಯೂರಿ ಇಲಿನಿಚ್ ಅನ್ನೋ ಶ್ರೀಮಂತ ಕೆಲಸ ಶುರು ಮಾಡಿಸಿದ. ಆಗ ಈ ಸೀಮೆ ಲಿಥುವೇನಿಯಾದ ಮಹಾಸಂಸ್ಥಾನದಲ್ಲಿತ್ತು. ನಾಲ್ಕು ಮೂಲೆಗೆ ನಾಲ್ಕು ಬುರುಜು, ಪಡುವಣ ಗೋಡೆಯ ನಡುವೆ ಐದನೆಯದು. ಹೆಬ್ಬಾಗಿಲು ಇರುವುದು ಅದರಲ್ಲೇ. ಬುರುಜುಗಳು ಕೆಳಗೆ ಚೌಕ, ಮೇಲೆ ಎಂಟು ಮೂಲೆ. ಗೋಡೆಯಲ್ಲಿ ಹೊಲದಿಂದ ಆರಿಸಿ ತಂದ ಗುಂಡುಕಲ್ಲೂ ಇದೆ, ಕೆಂಪು ಇಟ್ಟಿಗೆಯೂ ಇದೆ. ಇಟ್ಟಿಗೆ ಗೋಡೆಯಲ್ಲಿ ಅಲ್ಲಲ್ಲಿ ಗೂಡು ಬಿಟ್ಟು, ಅದಕ್ಕೆ ಬಿಳಿ ಗಾರೆ ಬಳಿದಿದ್ದಾರೆ. ಯುದ್ಧಕ್ಕೆ ಅಂತ ಕಟ್ಟಿದವನಿಗೆ ಇಷ್ಟೊಂದು ಅಲಂಕಾರ ಯಾಕೆ ಬೇಕಿತ್ತು? ದೊಡ್ಡ ಬಿರುದು ಪಡೆಯೋಕೆ ಕಲ್ಲಿನ ಕೋಟೆ ಇರಬೇಕಿತ್ತು, ಅದಕ್ಕೇ ಕಟ್ಟಿಸಿದ ಅಂತ ಕೆಲವರು ಹೇಳುತ್ತಾರೆ. ನನಗೂ ಅದೇ ಸರಿ ಅನ್ನಿಸುತ್ತದೆ.

ಇಲಿನಿಚ್ ವಂಶ ಹೆಚ್ಚು ದಿನ ಬಾಳಲಿಲ್ಲ. 1568ರಲ್ಲಿ ಕೋಟೆ ರಾಡ್ಜಿವಿಲ್ ಮನೆತನದ ಕೈಗೆ ಬಂತು. ಆ ಕಾಲದಲ್ಲಿ ಇಡೀ ಸೀಮೆಯಲ್ಲೇ ಅತಿ ಶ್ರೀಮಂತ ಮನೆತನಗಳಲ್ಲಿ ಅದೂ ಒಂದು. ಅವರ ಮುಖ್ಯ ಅರಮನೆ ನೆಸ್ವಿಜ್‌ನಲ್ಲಿ, ಮೀರ್‌ನಿಂದ ಸುಮಾರು 30 ಕಿಲೋಮೀಟರ್ ದೂರ. ಕೋಟೆಯೊಳಗೆ ಅರಮನೆ ಕಟ್ಟಿಸಿದವರು, ಸುತ್ತ ಮಣ್ಣಿನ ದಿಬ್ಬ ಹಾಕಿಸಿದವರು ಇವರೇ. ಊರಿಗೂ ಮಣ್ಣಿನ ಕೋಟೆ, ಬಾಗಿಲುಗಳು ಬಂದವು.

ಊರು ಬೆಳೆದದ್ದು ಸಂತೆಯಿಂದ. ನಡುವೆ ಚೌಕ, ಚೌಕದ ಸುತ್ತ ಅಂಗಡಿ, ಪ್ರಾರ್ಥನಾ ಮಂದಿರ. ಆರ್ಥೊಡಾಕ್ಸ್ ಕ್ರೈಸ್ತರು, ಕ್ಯಾಥೊಲಿಕರು, ಯಹೂದಿಗಳು, ತಾತಾರ್ ಮುಸಲ್ಮಾನರು ಎಲ್ಲರೂ ಒಂದೇ ಊರಲ್ಲಿ. ಜೊತೆಗೆ ರೋಮಾ ಜನ, ಅಂದರೆ ಜಿಪ್ಸಿಗಳು. ಇವರ ಪೂರ್ವಜರು ಸಾವಿರ ವರ್ಷದ ಹಿಂದೆ ಭಾರತದಿಂದಲೇ ಹೊರಟವರು. 1778ರಲ್ಲಿ ರಾಡ್ಜಿವಿಲ್ ದೊರೆ ಯಾನ್ ಮಾರ್ಟ್ಸಿನ್ಕೆವಿಚ್ ಅನ್ನೋ ರೋಮಾ ಮುಖಂಡನಿಗೆ ಸನ್ನದು ಬರೆದುಕೊಟ್ಟು, ತನ್ನ ಸೀಮೆಯ ರೋಮಾ ಜನಕ್ಕೆಲ್ಲ ಅವನನ್ನೇ ಮುಖ್ಯಸ್ಥನನ್ನಾಗಿ ಮಾಡಿದ. ಜನ ಅವನನ್ನು ರಾಜ ಅಂತಲೇ ಕರೆದರು. ಅವನ ರಾಜಧಾನಿ ಇದೇ ಮೀರ್. ಕೋಟೆಯಲ್ಲಿ ಒಬ್ಬ ದೊರೆ, ಸಂತೆಯಲ್ಲಿ ಇನ್ನೊಬ್ಬ!

ಮೀರ್ ಕೂತ ಜಾಗ ಬಿಟ್ಟು ಕದಲಲಿಲ್ಲ, ದೇಶಗಳು ಮಾತ್ರ ಅದರ ಮೇಲೆ ಹಾದು ಹೋದವು. 1795ರಲ್ಲಿ ರಷ್ಯಾದ ಚಕ್ರವರ್ತಿನಿಯ ಪಾಲಾಯಿತು. 1921ರಲ್ಲಿ ಪೋಲೆಂಡ್, 1939ರಲ್ಲಿ ಸೋವಿಯತ್, 1941ರಲ್ಲಿ ಜರ್ಮನರು, 1944ರಲ್ಲಿ ಮತ್ತೆ ಸೋವಿಯತ್, 1991ರಿಂದ ಸ್ವತಂತ್ರ ಬೆಲಾರುಸ್. ನಡುವೆ ನೆಪೋಲಿಯನ್ ದಂಡು. 1812ರ ಜುಲೈನಲ್ಲಿ ರಷ್ಯಾದ ಸೇನಾಪತಿ ಪ್ಲಾಟೊವ್‌ನ ಕೊಸಾಕ್ ಕುದುರೆ ಸವಾರರು ಇಲ್ಲಿ ಒಂದು ಆಟ ಆಡಿದರು. ಒಂದು ಸಣ್ಣ ಗುಂಪು ಹೆದರಿ ಓಡಿದ ಹಾಗೆ ಮಾಡಿತು. ನೆಪೋಲಿಯನ್ ಕಡೆಯ ಪೋಲಿಷ್ ಈಟಿಗಾರರು ಬೆನ್ನಟ್ಟಿದರು. ಅಡಗಿ ಕೂತಿದ್ದವರು ಎರಡೂ ಬದಿಯಿಂದ ಎರಗಿದರು. ಆ ವರ್ಷ ಕೋಟೆಗೂ ದೊಡ್ಡ ಪೆಟ್ಟು ಬಿತ್ತು. ಒಡೆಯ ಡೊಮಿನಿಕ್ ರಾಡ್ಜಿವಿಲ್ ನೆಪೋಲಿಯನ್ ಪರ ಹೋರಾಡಿ 1813ರಲ್ಲಿ ಸತ್ತ. ಆಮೇಲೆ ಕೋಟೆ ಹಾಳು ಸುರಿಯಿತು.

ರೈಲು ಬಂದಾಗಲೂ ಊರಿನೊಳಗೆ ಬರಲಿಲ್ಲ. ಹತ್ತಿರದ ಗೊರೊಡೆಯಾ ಅನ್ನೋ ಊರಿನ ಮೂಲಕ ಹೋಯಿತು. ಮೀರ್ ಸಣ್ಣದಾಗಿಯೇ ಉಳಿಯೋಕೆ ಅದೂ ಒಂದು ಕಾರಣ ಇರಬೇಕು. ಹತ್ತೊಂಬತ್ತನೇ ಶತಮಾನದ ಕೊನೆಗೆ ಸ್ವ್ಯಾತೊಪೋಲ್ಕ್-ಮಿರ್ಸ್ಕಿ ಮನೆತನ ಕೋಟೆ ಕೊಂಡಿತು. ಅವರು ಗೋಡೆ ಪಕ್ಕ ಒಂದು ಕೆರೆ ತೋಡಿಸಿದರು. ಅಲ್ಲಿ ಹೂ ಬಿಟ್ಟ ಸೇಬಿನ ತೋಟ ಇತ್ತು, ಅದನ್ನು ಕಡಿಸಿದ್ದಕ್ಕೆ ಶಾಪ ತಗುಲಿತು ಅಂತ ಜನ ಕಥೆ ಕಟ್ಟಿದ್ದಾರೆ. ಇವತ್ತು ಫೋಟೋಗಳಲ್ಲಿ ಕೋಟೆಯ ನೆರಳು ಬೀಳುವ ನೀರು ಇದೇ.

ಪ್ರವಾಸಿಗರು ಇಷ್ಟು ಕೇಳಿ ಬಸ್ ಹತ್ತುತ್ತಾರೆ. ಆದರೆ ಮೀರ್ ಹೆಸರು ದೂರದವರೆಗೆ ಹೋಗಿದ್ದು ಕೋಟೆಯಿಂದ ಅಲ್ಲ. ಹತ್ತೊಂಬತ್ತನೇ ಶತಮಾನದ ಆರಂಭದಲ್ಲಿ ಇಲ್ಲಿ ಯಹೂದಿ ಧರ್ಮಗ್ರಂಥ ಓದಿಸುವ ಒಂದು ಪಾಠಶಾಲೆ ಶುರುವಾಯಿತು. ಅದನ್ನು ಯೆಶಿವಾ ಅನ್ನುತ್ತಾರೆ. ದೂರದೂರದಿಂದ ಹುಡುಗರು ಬಂದು ಊರವರ ಮನೆಗಳಲ್ಲಿ ಉಳಿದು ಓದುತ್ತಿದ್ದರು. 1939ರಲ್ಲಿ ಸೋವಿಯತ್ ಸೇನೆ ಬಂದಾಗ ಗುರುಗಳು, ಶಿಷ್ಯರು ಎಲ್ಲ ಲಿಥುವೇನಿಯಾಕ್ಕೆ ಹೋದರು. 1940ರಲ್ಲಿ ಕೌನಸ್ ನಗರದಲ್ಲಿದ್ದ ಜಪಾನಿನ ರಾಯಭಾರಿ ಅಧಿಕಾರಿ ಚಿಯುನೆ ಸುಗಿಹಾರಾ, ತನ್ನ ಸರ್ಕಾರದ ಮಾತು ಮೀರಿ ಯಹೂದಿಗಳಿಗೆ ವೀಸಾ ಬರೆದುಕೊಟ್ಟರು. ಆ ಕಾಗದ ಹಿಡಿದು ಪಾಠಶಾಲೆ ಸೈಬೀರಿಯಾ ರೈಲಿನಲ್ಲಿ ವ್ಲಾದಿವೊಸ್ತೋಕ್‌ಗೆ, ಹಡಗಿನಲ್ಲಿ ಜಪಾನಿಗೆ, ಅಲ್ಲಿಂದ ಶಾಂಘೈಗೆ ಹೋಯಿತು. ಯುದ್ಧ ಮುಗಿಯುವವರೆಗೂ ಪಾಠ ನಿಲ್ಲಲಿಲ್ಲ. ಇವತ್ತು ಜೆರುಸಲೆಮ್‌ನಲ್ಲೂ ನ್ಯೂಯಾರ್ಕ್‌ನ ಬ್ರೂಕ್ಲಿನ್‌ನಲ್ಲೂ ಮೀರ್ ಹೆಸರಿನ ಯೆಶಿವಾ ನಡೆಯುತ್ತಿವೆ. ಜೆರುಸಲೆಮ್‌ನದು ಜಗತ್ತಿನ ಅತಿ ದೊಡ್ಡ ಯೆಶಿವಾಗಳಲ್ಲಿ ಒಂದು. ಅಲ್ಲಿ ಓದುವವರ ಸಂಖ್ಯೆ ಮೂಲ ಊರಿನ ಜನಸಂಖ್ಯೆಗಿಂತ ಜಾಸ್ತಿ.

ಊರಲ್ಲೇ ಉಳಿದವರ ಕಥೆ ಬೇರೆ. 1941ರ ನವೆಂಬರ್ 9ರಂದು ಜರ್ಮನರು ಮತ್ತು ಸ್ಥಳೀಯ ಪೊಲೀಸರು ಸೇರಿ ಸುಮಾರು 1,500 ಯಹೂದಿಗಳನ್ನು ಕೊಂದರು. ಉಳಿದವರನ್ನು 1942ರಲ್ಲಿ ಕೋಟೆಯೊಳಗೆ ಕೂಡಿಹಾಕಿದರು. ಹೌದು, ಈಗ ಟಿಕೆಟ್ ಕೊಟ್ಟು ಒಳಗೆ ಹೋಗುತ್ತಾರಲ್ಲ, ಅದೇ ಕೋಟೆ.

ಅದೇ ಊರಿನ ಪೊಲೀಸ್ ಠಾಣೆಯಲ್ಲಿ ಓಸ್ವಾಲ್ಡ್ ರುಫೈಸೆನ್ ಅನ್ನೋ ಯುವಕ ದುಭಾಷಿ ಆಗಿದ್ದ. ವಯಸ್ಸು ಇಪ್ಪತ್ತು. ತಾನು ಯಹೂದಿ ಅನ್ನೋದನ್ನು ಮುಚ್ಚಿಟ್ಟಿದ್ದ. ಕೋಟೆಯಲ್ಲಿದ್ದವರಿಗೆ ಗುಟ್ಟಾಗಿ ಬಂದೂಕು ಸಾಗಿಸಿದ. ಆಗಸ್ಟ್ 13ಕ್ಕೆ ಎಲ್ಲರನ್ನೂ ಕೊಲ್ಲುತ್ತಾರೆ ಅಂತ ಗೊತ್ತಾದಾಗ ಅವರಿಗೆ ಸುದ್ದಿ ಕೊಟ್ಟ. ಕಾಡಿನ ಹೋರಾಟಗಾರರು ಇಂಥ ಕಡೆ ಬರುತ್ತಾರೆ ಅಂತ ಸುಳ್ಳು ಹೇಳಿ, ಒಂದು ರಾತ್ರಿ ಪೊಲೀಸರನ್ನು ಬೇರೆ ದಿಕ್ಕಿಗೆ ಕಳಿಸಿದ. ಆ ರಾತ್ರಿ ಸುಮಾರು 200 ಜನ ಕಾಡಿಗೆ ಓಡಿದರು. ಉಳಿದವರಲ್ಲಿ ಮುದುಕರು, ಮಕ್ಕಳು, ಓಡಲಾರದವರು ಇದ್ದರು. ಹೇಳಿದ ದಿನವೇ ಅವರನ್ನು ಕೊಂದರು.

ರುಫೈಸೆನ್ ಸಿಕ್ಕಿಬಿದ್ದ, ಆದರೂ ತಪ್ಪಿಸಿಕೊಂಡ. ಅವನಿಗೆ ಆಸರೆ ಕೊಟ್ಟವರು ಅದೇ ಊರಿನ ಕ್ಯಾಥೊಲಿಕ್ ಸನ್ಯಾಸಿನಿಯರು. ಅಲ್ಲಿ ಅವನು ಕ್ರೈಸ್ತನಾದ, ಮುಂದೆ ಪಾದ್ರಿಯೂ ಆಗಿ ಇಸ್ರೇಲಿಗೆ ಹೋದ. ನಾನು ಯಹೂದಿ, ಆ ಹಕ್ಕಿನಲ್ಲೇ ನನಗೆ ಪೌರತ್ವ ಕೊಡಿ ಅಂತ ಕೇಳಿದ. 1962ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಆಗುವುದಿಲ್ಲ ಅಂದಿತು. ಬೇರೆ ಧರ್ಮ ಸೇರಿದವನಿಗೆ, ಯಹೂದಿಗಳಿಗೆ ಪೌರತ್ವ ಕೊಡುವ ಕಾಯ್ದೆ ಅನ್ವಯಿಸುವುದಿಲ್ಲ ಅಂತ ತೀರ್ಪು. ಕೊನೆಗೆ ಬೇರೆ ದಾರಿಯಲ್ಲಿ ಪೌರತ್ವ ಸಿಕ್ಕಿತು. 1998ರಲ್ಲಿ ಹೈಫಾದಲ್ಲಿ ತೀರಿಕೊಳ್ಳುವವರೆಗೂ ಬ್ರದರ್ ಡೇನಿಯಲ್ ಅನ್ನೋ ಧಾರ್ಮಿಕ ಹೆಸರಲ್ಲೇ ಬಾಳಿದರು. ಇಸ್ರೇಲಿನ ಮೂರನೇ ಅಧ್ಯಕ್ಷ ಜಲ್ಮಾನ್ ಶಜಾರ್ ಹುಟ್ಟಿದ್ದೂ ಮೀರ್‌ನಲ್ಲೇ, 1889ರಲ್ಲಿ.

ಯುದ್ಧದ ನಂತರ ಮನೆ ಕಳೆದುಕೊಂಡವರು ಹಲವು ವರ್ಷ ಕೋಟೆಯಲ್ಲೇ ಸಂಸಾರ ಹೂಡಿದರು. ದುರಸ್ತಿ ಶುರುವಾಗಿದ್ದು 1983ರಲ್ಲಿ. 2000ದಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು, 2010ರ ಡಿಸೆಂಬರ್‌ನಲ್ಲಿ ಪೂರ್ತಿ ವಸ್ತುಸಂಗ್ರಹಾಲಯವಾಗಿ ತೆರೆಯಿತು. ಈಗ ಒಳಗೆ ಹೋಟೆಲ್ ಕೂಡ ಇದೆ. ಮಿನ್ಸ್ಕ್‌ನಿಂದ ಬರುವವರು ಸಾಮಾನ್ಯವಾಗಿ ಮೀರ್, ನೆಸ್ವಿಜ್ ಎರಡನ್ನೂ ಒಂದೇ ದಿನದಲ್ಲಿ ಮುಗಿಸುತ್ತಾರೆ. ನೀವು ಯಾವಾಗಲಾದರೂ ಹೋದರೆ ನೆಸ್ವಿಜ್ ಸ್ವಲ್ಪ ತಡವಾದರೂ ಪರವಾಗಿಲ್ಲ, ಚೌಕಕ್ಕೆ ನಡೆದು ಹೋಗಿ. ಕೋಟೆಯಿಂದ ಅಲ್ಲಿಗೆ ದೂರ ಏನಿಲ್ಲ. ಆರ್ಥೊಡಾಕ್ಸ್ ಚರ್ಚ್, ಕ್ಯಾಥೊಲಿಕ್ ಚರ್ಚ್ ಎರಡರಲ್ಲೂ ಈಗಲೂ ಪ್ರಾರ್ಥನೆ ನಡೆಯುತ್ತದೆ. ಹತ್ತಿರದಲ್ಲೇ ಹಳೆಯ ಯಹೂದಿ ಮಂದಿರದ ಕಟ್ಟಡಗಳೂ ನಿಂತಿವೆ. ಅಲ್ಲಿ ಪ್ರಾರ್ಥಿಸುತ್ತಿದ್ದವರ ಮೊಮ್ಮಕ್ಕಳು ಆಗಾಗ ಬೇರೆ ದೇಶಗಳಿಂದ ಬಂದು ನೋಡಿಕೊಂಡು ಹೋಗುತ್ತಾರೆ.

ನಮಸ್ಕಾರ.